ಮರಳುಗಾಡಿನಲ್ಲಿ ಮೈದಾನ ಕಟ್ಟಿದ ಕೆನಿಚಿ ಜೆನಿಮುರಾ

ಇಂಟರ್-ಬ್ರಾಂಚ್ ಟೂರ್ನಮೆಂಟ್ ಹತ್ತಿರ ಬಂತು ಅಂದ್ರೆ ನಮ್ಮಲ್ಲಿ ಮೊದಲು ಶುರುವಾಗೋದು ಪಿಚ್‌ನ ಗಲಾಟೆ. ಯಾರು ನೀರು ಹಾಕಬೇಕು, ಯಾರು ರೋಲರ್ ಎಳೆಯಬೇಕು, ಸುಣ್ಣದ ಪುಡಿ ಯಾರು ತರಬೇಕು ಅಂತ ವಾಟ್ಸಾಪ್ ಗ್ರೂಪಿನಲ್ಲಿ ಎರಡು ದಿನ ಚರ್ಚೆ ನಡೆಯುತ್ತೆ. ಮೂರನೇ ದಿನ ಗ್ರೌಂಡಿಗೆ ಬರೋದು ನಾಲ್ಕೇ ಜನ. ಇಪ್ಪತ್ತೆರಡು ಗಜದ ಒಂದು ಪಟ್ಟಿ ಸಿದ್ಧ ಮಾಡೋಕೆ ನಮಗೆ ಇಷ್ಟು ಕಷ್ಟ. ಹೀಗಿರುವಾಗ, ಮುಳ್ಳುತಂತಿಯ ಬೇಲಿ ಹಾಕಿದ ಶಿಬಿರದಲ್ಲಿ, ಮರಳುಗಾಡಿನ ಬಿಸಿಲಿನಲ್ಲಿ, ಯಾರೂ ಕೇಳದೆ ಇದ್ರೂ ಗುದ್ದಲಿ ಹಿಡಿದು ಒಂದು ಪೂರ್ತಿ ಕ್ರೀಡಾಂಗಣ ಕಟ್ಟಿದ ಮನುಷ್ಯನ ಬಗ್ಗೆ ಓದಿದಾಗ ನಮಗೆ ಸ್ವಲ್ಪ ನಾಚಿಕೆಯೂ ಆಯ್ತು, ತುಂಬಾ ಕುತೂಹಲವೂ ಆಯ್ತು. ಅವರ ಹೆಸರು ಕೆನಿಚಿ ಜೆನಿಮುರಾ. ಅಮೆರಿಕದ ಜಪಾನಿ ವಲಸಿಗರು ಅವರನ್ನು ತಮ್ಮ ಬೇಸ್‌ಬಾಲಿನ ಪಿತಾಮಹ ಅಂತ ಕರೀತಾರೆ. ಈ ಸಂಚಿಕೆಯಲ್ಲಿ ಅವರ ಕಥೆ.

ಬೇಸ್‌ಬಾಲ್ ನೋಡದವರಿಗೆ ಮೊದಲು ಎರಡು ಮಾತು. ಒಂದು ತಂಡಕ್ಕೆ ಒಂಬತ್ತು ಜನ, ಒಂಬತ್ತು ಇನಿಂಗ್ಸ್. ಮೈದಾನದ ಒಂದು ಮೂಲೆಯಲ್ಲಿ ವಜ್ರದಾಕಾರದಲ್ಲಿ ನಾಲ್ಕು ಬೇಸ್‌ಗಳು, ಒಂದರಿಂದ ಇನ್ನೊಂದಕ್ಕೆ 90 ಅಡಿ. ಚೆಂಡು ಎಸೆಯುವ ಪಿಚರ್ ಬ್ಯಾಟರ್‌ನಿಂದ ಅರವತ್ತು ಚಿಲ್ಲರೆ ಅಡಿ ದೂರದಲ್ಲಿ, ಸ್ವಲ್ಪ ಎತ್ತರಿಸಿದ ದಿಬ್ಬದ ಮೇಲೆ ನಿಲ್ತಾನೆ. ಬ್ಯಾಟರ್ ಹೊಡೆದು ನಾಲ್ಕೂ ಬೇಸ್ ಸುತ್ತಿ ಬಂದರೆ ಒಂದು ರನ್. ಇಷ್ಟು ಗೊತ್ತಿದ್ರೆ ಸಾಕು, ಮುಂದಿನದು ಅರ್ಥವಾಗುತ್ತೆ.

ಜೆನಿಮುರಾ ಹುಟ್ಟಿದ್ದು 1900ರಲ್ಲಿ, ಜಪಾನಿನ ಹಿರೋಶಿಮಾದಲ್ಲಿ. ಚಿಕ್ಕವರಿದ್ದಾಗಲೇ ಮನೆಯವರ ಜೊತೆ ಹವಾಯಿ ದ್ವೀಪಕ್ಕೆ ಹೋದರು. ಆಗ ಹವಾಯಿಯ ಕಬ್ಬಿನ ತೋಟಗಳಲ್ಲಿ ದುಡಿಯೋಕೆ ಸಾವಿರಾರು ಜಪಾನಿ ಕುಟುಂಬಗಳು ಬಂದಿದ್ದವು. ಹೊನೊಲುಲುವಿನಲ್ಲಿ ಓದುತ್ತಾ ಅವರು ಬೇಸ್‌ಬಾಲ್ ಹುಚ್ಚು ಹತ್ತಿಸಿಕೊಂಡರು. ಎತ್ತರ ಐದೇ ಅಡಿ, ತೂಕ ಐವತ್ತು ಕೆ.ಜಿ. ದಾಟದ ದೇಹ. ನಮ್ಮಲ್ಲಾದ್ರೆ ಟೀಮ್ ಸೆಲೆಕ್ಷನ್ ದಿನ ಸ್ಕೋರ್ ಬರೆಯೋಕೆ ಕೂರಿಸ್ತಿದ್ದೆವೇನೋ. ಆದರೆ ಆ ಮನುಷ್ಯ ಮೈದಾನದ ಒಂಬತ್ತೂ ಸ್ಥಾನಗಳಲ್ಲಿ ಆಡಬಲ್ಲವರಾಗಿದ್ದರು. ಜೊತೆಗೆ ಎದುರಾಳಿ ಮುಂದೆ ಏನು ಮಾಡ್ತಾನೆ ಅಂತ ಲೆಕ್ಕ ಹಾಕುವ ತಲೆ ಇತ್ತು.

1920ರಲ್ಲಿ ಅವರು ಕ್ಯಾಲಿಫೋರ್ನಿಯಾದ ಫ್ರೆಸ್ನೊ ಪಟ್ಟಣಕ್ಕೆ ಬಂದರು. ಫ್ರೆಸ್ನೊ ಅಂದ್ರೆ ದ್ರಾಕ್ಷಿ, ಒಣದ್ರಾಕ್ಷಿಯ ಸೀಮೆ. ಆ ತೋಟಗಳಲ್ಲಿ ಜಪಾನಿಯರು ಮೈಮುರಿದು ದುಡೀತಿದ್ದರು. ದುಡಿಮೆ ಎಲ್ಲರಿಗೂ ಬೇಕಿತ್ತು, ದುಡಿಯುವವರು ಮಾತ್ರ ಬೇಡವಾಗಿದ್ದರು. 1913ರಲ್ಲೇ ಕ್ಯಾಲಿಫೋರ್ನಿಯಾ ಸರ್ಕಾರ ಒಂದು ಕಾನೂನು ತಂದು, ನಾಗರಿಕರಾಗುವ ಅರ್ಹತೆ ಇಲ್ಲದ ಪರದೇಶಿಗಳು ಕೃಷಿ ಭೂಮಿ ಕೊಳ್ಳುವ ಹಾಗಿಲ್ಲ ಅಂದಿತ್ತು. ಜಪಾನಿಯರ ಹೆಸರು ಅದರಲ್ಲಿ ಇರಲಿಲ್ಲ, ಆದರೆ ಗುರಿ ಅವರೇ ಅಂತ ಎಲ್ಲರಿಗೂ ಗೊತ್ತಿತ್ತು. 1922ರಲ್ಲಿ ತಕಾವೊ ಒಜಾವಾ ಎಂಬುವವರ ಮೊಕದ್ದಮೆಯಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್, ಜಪಾನಿಯರು ಬಿಳಿಯರಲ್ಲ, ಆದ್ದರಿಂದ ಅವರು ನಾಗರಿಕರಾಗಲು ಬರುವುದಿಲ್ಲ ಅಂತ ತೀರ್ಪು ಕೊಟ್ಟಿತು. 1924ರ ವಲಸೆ ಕಾಯ್ದೆ ಜಪಾನಿನಿಂದ ಹೊಸಬರು ಬರುವ ಬಾಗಿಲನ್ನೇ ಮುಚ್ಚಿತು.

ಇದು ನಮಗೆ ಸಂಬಂಧವಿಲ್ಲದ ವಿಷಯ ಅಂದುಕೊಳ್ಳಬೇಡಿ. ಒಜಾವಾ ತೀರ್ಪು ಬಂದ ಕೆಲವೇ ತಿಂಗಳಿಗೆ, 1923ರಲ್ಲಿ, ಅದೇ ನ್ಯಾಯಾಲಯ ಪಂಜಾಬಿನ ಭಗತ್ ಸಿಂಗ್ ಥಿಂಡ್ ಅವರ ಮೊಕದ್ದಮೆಯಲ್ಲಿ ಭಾರತೀಯರಿಗೂ ಅದೇ ಮಾತು ಹೇಳಿತು. ಥಿಂಡ್ ಅಮೆರಿಕದ ಸೈನ್ಯದಲ್ಲಿ ಸೇವೆ ಮಾಡಿದವರು. ಆದ್ರೂ ನಾಗರಿಕತ್ವ ಇಲ್ಲ. ಇವತ್ತು ಎಂಎಸ್ ಮಾಡೋಕೆ ಅಂತ ಜಿಆರ್‌ಇ ಪುಸ್ತಕ ಹಿಡಿದು ಲೈಬ್ರರಿಯಲ್ಲಿ ಕೂತಿರೋ ನಮ್ಮ ಗೆಳೆಯರು ಆ ಕಾಲದಲ್ಲಿ ಹೋಗಿದ್ದರೆ ಜೆನಿಮುರಾ ನಿಂತ ಸಾಲಿನಲ್ಲೇ ನಿಲ್ಲಬೇಕಾಗಿತ್ತು.

ಆಟದಲ್ಲೂ ಇದೇ ಕಥೆ. ಅಮೆರಿಕದ ದೊಡ್ಡ ಲೀಗ್‌ಗಳಲ್ಲಿ ಕಪ್ಪು ಜನರಿಗೆ ಪ್ರವೇಶ ಇರಲಿಲ್ಲ. 1947ರಲ್ಲಿ ಜಾಕಿ ರಾಬಿನ್ಸನ್ ಬರುವ ತನಕ ಆ ಗೋಡೆ ಹಾಗೇ ಇತ್ತು. ಜಪಾನಿ ಹುಡುಗರು ಎಷ್ಟೇ ಚೆನ್ನಾಗಿ ಆಡಿದ್ರೂ ಅವರಿಗೆ ಕರೆ ಬರುತ್ತಿರಲಿಲ್ಲ. ಹಾಗಾಗಿ ಅವರು ತಮ್ಮದೇ ತಂಡ, ತಮ್ಮದೇ ಲೀಗ್, ತಮ್ಮದೇ ಮೈದಾನ ಕಟ್ಟಿಕೊಂಡರು. ಜೆನಿಮುರಾ ಫ್ರೆಸ್ನೊ ಅಥ್ಲೆಟಿಕ್ ಕ್ಲಬ್ ತಂಡದ ನಾಯಕ, ಕೋಚ್, ಮ್ಯಾನೇಜರ್, ಆಟಗಾರ ಎಲ್ಲಾ ಆದರು. ಭಾನುವಾರ ಬಂದ್ರೆ ತೋಟದ ಕೆಲಸದಿಂದ ಬಿಡುವು ಸಿಕ್ಕ ಜಪಾನಿ ಕುಟುಂಬಗಳು ಮೈದಾನದ ಸುತ್ತ ಸೇರ್ತಿದ್ದವು. ಅಪ್ಪಂದಿರಿಗೆ ಇಂಗ್ಲಿಷ್ ಬರ್ತಿರಲಿಲ್ಲ, ಮಕ್ಕಳಿಗೆ ಜಪಾನಿ ಸರಿಯಾಗಿ ಬರ್ತಿರಲಿಲ್ಲ. ಬೇಸ್‌ಬಾಲ್ ಇಬ್ಬರಿಗೂ ಬರ್ತಿತ್ತು.

ಜೆನಿಮುರಾ ತಮ್ಮವರ ಜೊತೆ ಮಾತ್ರ ಆಡಿಕೊಂಡು ಇರಲಿಲ್ಲ. ಬಿಳಿಯರ ತಂಡಗಳನ್ನು ಕರೆದು ಆಡಿಸಿದರು. ಅದೇ ರೀತಿ ಹೊರಗಿಡಲ್ಪಟ್ಟಿದ್ದ ಕಪ್ಪು ಆಟಗಾರರ ತಂಡವಾದ ಲಾಸ್ ಏಂಜಲೀಸ್ ವೈಟ್ ಸಾಕ್ಸ್ ಜೊತೆಗೂ ಆಡಿದರು. 1924, 1927 ಮತ್ತು 1937ರಲ್ಲಿ ತಂಡ ಕಟ್ಟಿಕೊಂಡು ಹಡಗು ಹತ್ತಿ ಜಪಾನಿಗೆ ಹೋಗಿ, ಅಲ್ಲಿನ ವಿಶ್ವವಿದ್ಯಾಲಯಗಳ ತಂಡಗಳ ಎದುರು ಆಡಿ ಬಂದರು. ಅಮೆರಿಕದಲ್ಲಿ ಜಪಾನಿಯರು ಅನ್ನಿಸಿಕೊಂಡವರು ಜಪಾನಿನಲ್ಲಿ ಅಮೆರಿಕದವರು ಅನ್ನಿಸಿಕೊಂಡರು.

1927ರ ಅಕ್ಟೋಬರ್ 29ನ್ನು ಫ್ರೆಸ್ನೊದ ಜಪಾನಿಯರು ಬಹಳ ಕಾಲ ಮರೆಯಲಿಲ್ಲ. ಆ ವರ್ಷ 60 ಹೋಮ್ ರನ್ ಹೊಡೆದು ದಾಖಲೆ ಮಾಡಿದ್ದ ಬೇಬ್ ರೂತ್ ಮತ್ತು ಅವರ ಜೊತೆಗಾರ ಲೂ ಗೆರಿಗ್ ಪ್ರದರ್ಶನ ಪಂದ್ಯಗಳಿಗಾಗಿ ಊರೂರು ಸುತ್ತುತ್ತಾ ಫ್ರೆಸ್ನೊಗೆ ಬಂದರು. ನಮ್ಮ ಲೆಕ್ಕದಲ್ಲಿ ಹೇಳೋದಾದ್ರೆ ಸಚಿನ್, ದ್ರಾವಿಡ್ ಇಬ್ಬರೂ ಒಟ್ಟಿಗೆ ತಾಲ್ಲೂಕು ಮೈದಾನಕ್ಕೆ ಬಂದ ಹಾಗೆ. ಗೆರಿಗ್ ಅವರ ತಂಡದಲ್ಲಿ ನಾಲ್ಕು ಜಪಾನಿ ಆಟಗಾರರಿಗೆ ಸ್ಥಾನ ಸಿಕ್ಕಿತು: ಜೆನಿಮುರಾ, ಜಾನಿ ನಕಾಗಾವಾ, ಫ್ರೆಡ್ ಯೋಶಿಕಾವಾ, ಹಾರ್ವಿ ಇವಾಟಾ. ಆ ತಂಡ 13-3ರಿಂದ ಗೆದ್ದಿತು. ಅವತ್ತು ತೆಗೆದ ಒಂದು ಫೋಟೋ ಈಗಲೂ ಪ್ರಸಿದ್ಧ. ಎತ್ತರದ ರೂತ್ ಮತ್ತು ಗೆರಿಗ್ ಜೊತೆ ಫ್ರೆಸ್ನೊ ಹುಡುಗರು ನಿಂತಿದ್ದಾರೆ. ಹೊರದೂಡಿದ ದೇಶದ ಅತಿ ದೊಡ್ಡ ಆಟಗಾರರ ಜೊತೆ ಸಮಸಮವಾಗಿ ನಿಂತ ಚಿತ್ರ ಅದು. ಒಂದು ದಿನದ ಮಟ್ಟಿಗೆ ಮಾತ್ರ, ನಿಜ. ಮಾರನೇ ದಿನ ಅವರು ವಾಪಸ್ ತಮ್ಮ ಲೀಗಿಗೇ ಹೋಗಬೇಕಿತ್ತು.

1941ರ ಡಿಸೆಂಬರ್ 7ರಂದು ಜಪಾನ್ ಪರ್ಲ್ ಹಾರ್ಬರ್ ಮೇಲೆ ದಾಳಿ ಮಾಡಿತು. ಎರಡೂವರೆ ತಿಂಗಳಲ್ಲಿ, 1942ರ ಫೆಬ್ರವರಿ 19ರಂದು, ಅಧ್ಯಕ್ಷ ರೂಸ್‌ವೆಲ್ಟ್ 9066ನೇ ಸಂಖ್ಯೆಯ ಆದೇಶಕ್ಕೆ ಸಹಿ ಹಾಕಿದರು. ಪಶ್ಚಿಮ ಕರಾವಳಿಯಲ್ಲಿದ್ದ ಸುಮಾರು 1,20,000 ಜಪಾನಿ ಮೂಲದ ಜನರನ್ನು ಮನೆಮಠ ಬಿಡಿಸಿ ಶಿಬಿರಗಳಿಗೆ ಕಳಿಸಲಾಯಿತು. ಅವರಲ್ಲಿ ಮೂರನೇ ಎರಡರಷ್ಟು ಮಂದಿ ಅಮೆರಿಕದಲ್ಲೇ ಹುಟ್ಟಿದ ಅಲ್ಲಿನ ನಾಗರಿಕರು. ಯಾರ ಮೇಲೂ ಆರೋಪಪಟ್ಟಿ ಇಲ್ಲ, ವಿಚಾರಣೆ ಇಲ್ಲ. ಅಂಗಡಿ, ಟ್ರಕ್, ಫ್ರಿಜ್ಜು, ಪಿಯಾನೊ ಎಲ್ಲವನ್ನೂ ಸಿಕ್ಕಿದ ಬೆಲೆಗೆ ಮಾರಿ, ಕೈಯಲ್ಲಿ ಹೊರಬಹುದಾದಷ್ಟನ್ನು ಮಾತ್ರ ತಗೊಂಡು ಹೊರಡಬೇಕು. ಜರ್ಮನಿ, ಇಟಲಿ ಜೊತೆಗೂ ಅಮೆರಿಕ ಯುದ್ಧ ಮಾಡ್ತಿತ್ತು. ಆದರೆ ಆ ಮೂಲದ ಜನರನ್ನು ಹೀಗೆ ಸಾರಾಸಗಟಾಗಿ ಎತ್ತಿ ಹಾಕಲಿಲ್ಲ.

ಜೆನಿಮುರಾ, ಹೆಂಡತಿ ಕಿಯೋಕೊ, ಹದಿಹರೆಯದ ಇಬ್ಬರು ಮಕ್ಕಳು ಕೆನ್ಸೊ ಮತ್ತು ಕೆನ್ಶಿ ಮೊದಲು ಹೋಗಿದ್ದು ಫ್ರೆಸ್ನೊದ ಜಾತ್ರೆ ಮೈದಾನದಲ್ಲಿ ಕಟ್ಟಿದ್ದ ತಾತ್ಕಾಲಿಕ ಶಿಬಿರಕ್ಕೆ. ಅಲ್ಲೇ ಜೆನಿಮುರಾ ಒಂದು ಬೇಸ್‌ಬಾಲ್ ಮೈದಾನ ಮಾಡಿಸಿದರು. ಅದು ಮುಗಿದು ಆಟ ಶುರುವಾಗಿ ಕೆಲವೇ ತಿಂಗಳಲ್ಲಿ ಮತ್ತೆ ಗಂಟುಮೂಟೆ ಕಟ್ಟಬೇಕಾಯಿತು. ಈ ಸಲ ಅರಿಜೋನಾದ ಗಿಲಾ ರಿವರ್ ಶಿಬಿರಕ್ಕೆ.

ಗಿಲಾ ರಿವರ್ ಅಂದ್ರೆ ನದಿಯ ಹೆಸರು ಕೇಳಿ ಮೋಸ ಹೋಗಬೇಡಿ. ಅದು ಅಪ್ಪಟ ಮರಳುಗಾಡು. ಅಮೆರಿಕದ ಮೂಲನಿವಾಸಿಗಳಿಗೆ ಅಂತ ಬಿಟ್ಟಿದ್ದ ಜಾಗ ಅದು. ಅವರ ವಿರೋಧವನ್ನೂ ಲೆಕ್ಕಿಸದೆ ಸರ್ಕಾರ ಅಲ್ಲಿ ಶಿಬಿರ ಹಾಕಿತು. ಬೇಸಿಗೆಯಲ್ಲಿ 45 ಡಿಗ್ರಿ ಸೆಲ್ಸಿಯಸ್ ಮಾಮೂಲು, ಜೊತೆಗೆ ಧೂಳಿನ ಬಿರುಗಾಳಿ. ಮರದ ಹಲಗೆಯ ಬ್ಯಾರಕ್‌ಗಳ ಸಂದಿಯಿಂದ ಧೂಳು ಒಳಗೆ ಬಂದು ಹಾಸಿಗೆ, ಊಟದ ತಟ್ಟೆ ಎಲ್ಲಾ ಕಡೆ ಕೂರ್ತಿತ್ತು. ಹದಿಮೂರು ಸಾವಿರಕ್ಕೂ ಹೆಚ್ಚು ಜನ ಅಲ್ಲಿ ತುಂಬಿದ್ದರು. ಆಗಿನ ಅರಿಜೋನಾದ ದೊಡ್ಡ ಊರುಗಳ ಪಟ್ಟಿಯಲ್ಲಿ ನಾಲ್ಕನೇ ಸ್ಥಾನ ಪಡೆಯುವಷ್ಟು ಜನಸಂಖ್ಯೆ.

ಜೆನಿಮುರಾ ತಮ್ಮ ಬ್ಯಾರಕ್ ಹತ್ತಿರ, ಬೇಲಿಯ ಅಂಚಿನಲ್ಲಿ, ಕುರುಚಲು ಗಿಡ ಬೆಳೆದ ಒಂದು ಜಾಗ ನೋಡಿದರು. ಮಕ್ಕಳಿಬ್ಬರನ್ನೂ ಕರ್ಕೊಂಡು ಗುದ್ದಲಿ ಹಿಡಿದು ಗಿಡಗಳನ್ನು ಕಡಿಯೋಕೆ ಶುರು ಮಾಡಿದರು. ಹಾದು ಹೋಗುವವರು ಏನು ಮಾಡ್ತಿದ್ದೀರಿ ಅಂತ ಕೇಳಿದ್ರೆ ಬೇಸ್‌ಬಾಲ್ ಮೈದಾನ ಅನ್ನೋ ಉತ್ತರ. ಒಬ್ಬೊಬ್ಬರಾಗಿ ಜನ ಸೇರಿಕೊಂಡರು. ಇಲ್ಲಿಂದ ಮುಂದಿನದು ನಮ್ಮಂಥವರು ಗಮನವಿಟ್ಟು ಓದಬೇಕಾದ ಭಾಗ, ಮುಖ್ಯವಾಗಿ ಸಿವಿಲ್‌ನವರು!

ಗಿಡ ಕಿತ್ತು, ಕಲ್ಲು ಆರಿಸಿದ ಮೇಲೆ ಶಿಬಿರದ ಬುಲ್ಡೋಜರ್ ಒಂದನ್ನು ಹೇಗೋ ಒಪ್ಪಿಸಿ ತಂದು ನೆಲ ಸಮ ಮಾಡಿಸಿದರು. ಆದರೆ ಸಡಿಲ ಮಣ್ಣು ಸಮ ಮಾಡಿದ ಮಾತ್ರಕ್ಕೆ ಆಡುವ ನೆಲ ಆಗೋಲ್ಲ. ಗಾಳಿ ಬೀಸಿದರೆ ಹಾರಿ ಹೋಗುತ್ತೆ, ಚೆಂಡು ಬಿದ್ದಲ್ಲೇ ಹೂತುಹೋಗುತ್ತೆ. ಒಳಮೈದಾನಕ್ಕೆ ನೀರು ನಿಲ್ಲಿಸಿ, ಮಣ್ಣು ಕೂರುವ ಹಾಗೆ ಮಾಡಿ, ಒಣಗಿಸಿ ಗಟ್ಟಿ ಮಾಡಿದರು. ಸಾಯಿಲ್ ಮೆಕ್ಯಾನಿಕ್ಸ್ ಲ್ಯಾಬಿನಲ್ಲಿ ತೇವಾಂಶಕ್ಕೂ ಮಣ್ಣಿನ ಸಾಂದ್ರತೆಗೂ ಇರೋ ಸಂಬಂಧದ ಗ್ರಾಫ್ ಎಳೆದು ಮಾರ್ಕ್ಸ್ ತಗೊಂಡು ಮರೆತಿದ್ದೇವಲ್ಲ, ಅದನ್ನೇ ಅವರು ಲ್ಯಾಬ್ ಇಲ್ಲದೆ ಮಾಡಿದರು. ನೀರು ಎಲ್ಲಿಂದ? ಬ್ಲಾಕಿನ ಬಟ್ಟೆ ಒಗೆಯುವ ಕೋಣೆಯಿಂದ ಕಾಲುವೆ ತೋಡಿ, ಪೈಪ್ ಹಾಕಿ ಮೈದಾನದ ತನಕ ತಂದರು.

ಇನ್ನು ಪ್ರೇಕ್ಷಕರ ಗ್ಯಾಲರಿಗೆ ಮರ ಬೇಕು. ಯುದ್ಧಕಾಲ, ಮರ ಕೊಳ್ಳೋಕೆ ದುಡ್ಡಿಲ್ಲ, ಕೊಟ್ಟರೂ ಸಿಗೋಲ್ಲ. ಶಿಬಿರದ ಸುತ್ತ ಮಾತ್ರ ಮರದ ಕಂಬಗಳು ಸಾಲಾಗಿ ನಿಂತಿದ್ದವು, ಮುಳ್ಳುತಂತಿ ಹೊತ್ತುಕೊಂಡು. ರಾತ್ರಿ ಹೊತ್ತು ಒಂದು ಬಿಟ್ಟು ಒಂದು ಕಂಬ ಕೀಳಲಾಯಿತು. ಶಿಬಿರದ ಮರದ ಉಗ್ರಾಣದಿಂದಲೂ ಹಲಗೆಗಳು ಮಾಯವಾದವು. ಗಿಲಾದಲ್ಲಿ ಕಾವಲು ಬೇರೆ ಶಿಬಿರಗಳಿಗಿಂತ ಸಡಿಲವಾಗಿತ್ತು, ಅಧಿಕಾರಿಗಳಿಗೆ ಗೊತ್ತಾಗದೇ ಇರೋ ವಿಷಯವೂ ಅಲ್ಲ. ಅಂತೂ ಜನರನ್ನು ಕೂಡಿಹಾಕೋಕೆ ನೆಟ್ಟ ಕಂಬಗಳ ಮೇಲೆ ಅದೇ ಜನ ಕೂತು ಆಟ ನೋಡುವಂತಾಯಿತು.

ಹೊರಮೈದಾನದ ಗಡಿಗೆ ಹರಳು ಗಿಡ ನೆಟ್ಟರು. ಉತ್ತರ ಕರ್ನಾಟಕದ ಗೆಳೆಯರು ಔಡಲ ಅಂತಾರಲ್ಲ, ಅದೇ. ಬೇಗ ಬೆಳೆಯುತ್ತೆ, ಕಡಿಮೆ ನೀರು ಸಾಕು, ಅಗಲ ಎಲೆಯ ಹಸಿರು ಗೋಡೆ ಸಿದ್ಧ. ಗೆರೆ ಎಳೆಯೋಕೆ ಸುಣ್ಣ ಇಲ್ಲ, ಅಡುಗೆಮನೆಯ ಹಿಟ್ಟು ಬಂತು. ಬೇಸ್‌ಗಳಿಗೆ ಅಕ್ಕಿ ಚೀಲ. ಹೆಂಗಸರು ಹಾಸಿಗೆಯ ದಪ್ಪ ಬಟ್ಟೆ ಬಿಚ್ಚಿ ಆಟಗಾರರಿಗೆ ಸಮವಸ್ತ್ರ ಹೊಲಿದರು. ಬಾಗಿಲಲ್ಲಿ ಒಂದು ಕಾಫಿ ಡಬ್ಬಿ ಇಟ್ಟು, ಜನ ಹಾಕಿದ ಚಿಲ್ಲರೆ ಕೂಡಿಸಿ ಹೊರಗಿನಿಂದ ಬ್ಯಾಟು, ಚೆಂಡು ತರಿಸಿದರು.

1943ರ ಮಾರ್ಚ್ 7ರಂದು ಮೊದಲ ಆಟ ಶುರುವಾಯಿತು. ಜನ ಅದನ್ನು ಜೆನಿಮುರಾ ಫೀಲ್ಡ್ ಅಂದರು. ಮುಂದೆ 32 ತಂಡಗಳ ಲೀಗ್ ಬೆಳೆಯಿತು, ಸಾವಿರಾರು ಜನ ನೋಡೋಕೆ ಸೇರುತ್ತಿದ್ದರು. ಅಪ್ಪಣೆ ಪಡೆದು ದೂರದ ವಯೋಮಿಂಗ್ ರಾಜ್ಯದ ಹಾರ್ಟ್ ಮೌಂಟನ್ ಶಿಬಿರದ ತನಕ ಹೋಗಿ ಆಡಿ ಬಂದರು.

ಇದನ್ನು ಓದುವಾಗ ನಮ್ಮ ಸಂಪಾದಕ ಬಳಗದಲ್ಲೇ ಒಂದು ವಾದ ಎದ್ದಿತು. ತಮ್ಮನ್ನು ಕೂಡಿಹಾಕಿದ ದೇಶದ ಆಟವನ್ನೇ ಆಡಿ ಖುಷಿಪಡೋದು ಅಂದ್ರೆ ಅನ್ಯಾಯವನ್ನು ಒಪ್ಪಿಕೊಂಡ ಹಾಗಲ್ವಾ? ಸರ್ಕಾರಕ್ಕೂ ಅದೇ ಬೇಕಿತ್ತು, ಆಡ್ತಾ ಇದ್ದರೆ ಜನ ದಂಗೆ ಏಳಲ್ಲ ಅಂತ. ಈ ಮಾತಿನಲ್ಲಿ ಹುರುಳಿದೆ. ಗಾರ್ಡನ್ ಹಿರಾಬಯಾಶಿ, ಫ್ರೆಡ್ ಕೊರೆಮಾಟ್ಸು ಅಂಥವರು ಆದೇಶವನ್ನೇ ಧಿಕ್ಕರಿಸಿ ಶಿಕ್ಷೆ ಅನುಭವಿಸಿ ಸುಪ್ರೀಂ ಕೋರ್ಟ್ ತನಕ ಹೋದರು. ಜೆನಿಮುರಾ ಆ ದಾರಿ ಹಿಡಿಯಲಿಲ್ಲ. ಆದರೆ ಗಿಲಾದಲ್ಲಿ ಬೇಸ್‌ಬಾಲ್ ಮೇಲಿನವರು ದಯಪಾಲಿಸಿದ್ದಲ್ಲ. ಒಂದೊಂದು ಅಡಿ ನೆಲವನ್ನೂ ಅವರೇ ಹದ ಮಾಡಿದ್ದು, ಕಂಬಗಳನ್ನು ಬೇಲಿಯಿಂದಲೇ ಕಿತ್ತದ್ದು. ದಿನವಿಡೀ ಸುಮ್ಮನೆ ಕೂತು ಒಳಗೇ ಕುಸಿಯುತ್ತಿದ್ದ ಜನರಿಗೆ ಭಾನುವಾರಕ್ಕಾಗಿ ಕಾಯೋದಕ್ಕೆ ಒಂದು ಕಾರಣ ಸಿಕ್ಕಿತು. ನಮ್ಮ ವಾದ ಅಲ್ಲಿಗೆ ಮುಗಿಯಲಿಲ್ಲ, ಆದರೆ ಅವರನ್ನು ಶರಣಾದವರು ಅನ್ನೋಕೆ ಕೊನೆಗೆ ಯಾರಿಗೂ ಮನಸ್ಸಾಗಲಿಲ್ಲ.

1945ರ ಏಪ್ರಿಲ್ 18. ಓಕಿನಾವಾದಲ್ಲಿ ಭೀಕರ ಯುದ್ಧ ನಡೀತಿದೆ. ರೂಸ್‌ವೆಲ್ಟ್ ತೀರಿಕೊಂಡು ಇನ್ನೂ ವಾರ ಆಗಿಲ್ಲ. ಅಂಥ ದಿನ ಅರಿಜೋನಾದ ಚಾಂಪಿಯನ್ ತಂಡವಾದ ಟೂಸಾನ್ ಹೈಸ್ಕೂಲಿನ ಹುಡುಗರು, ತಮ್ಮ ಕೋಚ್ ಹ್ಯಾಂಕ್ ಸ್ಲೇಗಲ್ ಜೊತೆ ಗಿಲಾ ಶಿಬಿರದೊಳಗೆ ಬಂದರು. ಎದುರಿಗೆ ಜೆನಿಮುರಾ ತರಬೇತಿ ಕೊಟ್ಟ ಬ್ಯೂಟ್ ಹೈಸ್ಕೂಲ್ ತಂಡ. ಒಂಬತ್ತು ಇನಿಂಗ್ಸ್ ಮುಗಿದಾಗ ಸಮ. ಹತ್ತನೇ ಇನಿಂಗ್ಸ್‌ನಲ್ಲಿ, ಇಂಗ್ಲಿಷಿನಲ್ಲಿ ಹಾರ್ವಿ ಅನ್ನಿಸಿಕೊಂಡಿದ್ದ ಅವರ ಮಗ ಕೆನ್ಶಿಯ ಹೊಡೆತದಿಂದ ಗೆಲುವಿನ ರನ್ ಬಂತು. ಶಿಬಿರದ ಹುಡುಗರು 11-10ರಿಂದ ಗೆದ್ದರು. ಆಟ ಮುಗಿದ ಮೇಲೆ ಎರಡೂ ಕಡೆಯ ಹುಡುಗರು ಒಟ್ಟಿಗೆ ಕಾಲ ಕಳೆದರು. ಮರುಪಂದ್ಯ ಟೂಸಾನ್‌ನಲ್ಲಿ ಆಡಬೇಕು ಅನ್ನೋ ಆಸೆ ಇತ್ತು. ಜಪಾನಿ ಹುಡುಗರು ಊರೊಳಗೆ ಬಂದು ಆಡೋದಕ್ಕೆ ಒಪ್ಪಿಗೆ ಸಿಗಲಿಲ್ಲ. ಬಿಳಿ ಹುಡುಗರು ಬೇಲಿಯೊಳಗೆ ಬರಬಹುದಿತ್ತು, ಗೆದ್ದ ಹುಡುಗರು ಹೊರಗೆ ಹೋಗುವ ಹಾಗಿರಲಿಲ್ಲ. ವರ್ಷಗಳು ಕಳೆದು ಮುದುಕರಾದ ಮೇಲೂ ಎರಡೂ ತಂಡದ ಕೆಲವರು ಒಬ್ಬರನ್ನೊಬ್ಬರು ಹುಡುಕಿಕೊಂಡು ಭೇಟಿಯಾದರು.

ಅದೇ ವರ್ಷ ಆಗಸ್ಟ್ 6ರಂದು ಜೆನಿಮುರಾ ಹುಟ್ಟಿದ ಊರು ಹಿರೋಶಿಮಾದ ಮೇಲೆ ಅಣುಬಾಂಬ್ ಬಿತ್ತು. ಹುಟ್ಟೂರು ಸುಟ್ಟುಹೋದ ಸುದ್ದಿ ಬಂದಾಗ ಗಿಲಾ ಶಿಬಿರ ಇನ್ನೂ ಮುಚ್ಚಿರಲಿಲ್ಲ. ಅದು ಮುಚ್ಚಿದ್ದು ನವೆಂಬರ್‌ನಲ್ಲಿ.

ಜೆನಿಮುರಾ ಕುಟುಂಬ ಫ್ರೆಸ್ನೊಗೆ ವಾಪಸ್ ಬಂತು. ಅವರು ಮತ್ತೆ ತಂಡ ಕಟ್ಟಿದರು, ಐವತ್ತು ದಾಟಿದ ಮೇಲೂ ಆಡಿದರು. 1952ರಲ್ಲಿ ಕಾನೂನು ಬದಲಾಗಿ ಅವರ ಪೀಳಿಗೆಯ ಜಪಾನಿಯರಿಗೆ ನಾಗರಿಕರಾಗುವ ಹಕ್ಕು ಕೊನೆಗೂ ಸಿಕ್ಕಿತು. 1953ರಲ್ಲಿ ಮಕ್ಕಳಿಬ್ಬರೂ ವೃತ್ತಿಪರ ಆಟಗಾರರಾಗಿ ಜಪಾನಿಗೆ ಹೋದರು. ಹೋಗಿದ್ದು ಯಾವ ತಂಡಕ್ಕೆ ಅಂದ್ರೆ ಹಿರೋಶಿಮಾ ಕಾರ್ಪ್. ಬಾಂಬಿನಿಂದ ನೆಲಸಮವಾಗಿದ್ದ ಊರಿನ ಜನ ಕಟ್ಟಿಕೊಂಡ ತಂಡ ಅದು. ದುಡ್ಡಿಲ್ಲದೆ ಮುಚ್ಚುವ ಸ್ಥಿತಿಗೆ ಬಂದಾಗ ಮೈದಾನದ ಬಾಗಿಲಲ್ಲಿ ಮರದ ಪೀಪಾಯಿ ಇಟ್ಟು, ಜನ ಹಾಕಿದ ಚಿಲ್ಲರೆಯಿಂದ ತಂಡ ಉಳಿಸಿಕೊಂಡಿದ್ದರು. ಗಿಲಾದ ಕಾಫಿ ಡಬ್ಬಿಯೇ ನೆನಪಾಗುತ್ತೆ, ಅಲ್ವಾ?

1964ರಲ್ಲಿ ಮಸನೋರಿ ಮುರಾಕಾಮಿ ಎಂಬ ಯುವಕ ಜಪಾನಿನಿಂದ ಬಂದು ಅದೇ ಫ್ರೆಸ್ನೊದ ಕಿರಿಯ ತಂಡದಲ್ಲಿ ಆಡಿ, ಆ ಸೆಪ್ಟೆಂಬರ್‌ನಲ್ಲಿ ಸ್ಯಾನ್ ಫ್ರಾನ್ಸಿಸ್ಕೊ ಜಯಂಟ್ಸ್ ಪರ ಕಣಕ್ಕಿಳಿದ. ಅಮೆರಿಕದ ಮೇಜರ್ ಲೀಗ್‌ನಲ್ಲಿ ಆಡಿದ ಮೊದಲ ಜಪಾನಿ ಅವನು. ಜೆನಿಮುರಾ ಅದನ್ನು ನೋಡೋಕೆ ಬದುಕಿದ್ದರು. ನಾಲ್ಕು ವರ್ಷದ ನಂತರ, 1968ರಲ್ಲಿ, ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಅಮೆರಿಕದ ಸರ್ಕಾರ ಶಿಬಿರಗಳು ತಪ್ಪು ಅಂತ ಒಪ್ಪಿ ಕಾನೂನಿನ ಮೂಲಕ ಕ್ಷಮೆ ಕೇಳಿ, ಬದುಕಿದ್ದ ಪ್ರತಿಯೊಬ್ಬರಿಗೂ 20,000 ಡಾಲರ್ ಪರಿಹಾರ ಕೊಟ್ಟಿದ್ದು 1988ರ ಕಾಯ್ದೆಯಿಂದ. ಅಷ್ಟು ಹೊತ್ತಿಗೆ ಅವರು ಹೋಗಿ ಇಪ್ಪತ್ತು ವರ್ಷ ಆಗಿತ್ತು.

ಗಿಲಾದ ಆ ಜಾಗ ಈಗ ಮತ್ತೆ ಮೂಲನಿವಾಸಿಗಳ ಕೈಯಲ್ಲಿದೆ. ಬ್ಯಾರಕ್‌ಗಳು ಇಲ್ಲ, ಅಡಿಪಾಯದ ಕಾಂಕ್ರೀಟ್ ಅಲ್ಲಲ್ಲಿ ಉಳಿದಿದೆ. ಗ್ಯಾಲರಿಯೂ ಇಲ್ಲ, ಹರಳು ಗಿಡದ ಬೇಲಿಯೂ ಇಲ್ಲ.

ಮುಂದಿನ ತಿಂಗಳು ನಮ್ಮ ಟೂರ್ನಮೆಂಟ್ ಇದೆ. ಪಿಚ್ ಕೆಲಸಕ್ಕೆ ಶನಿವಾರ ಬೆಳಿಗ್ಗೆ ಆರೂವರೆಗೆ ಸೇರ್ತಿದ್ದೇವೆ. ಗುದ್ದಲಿ, ನೀರಿನ ಪೈಪ್, ರೋಲರ್ ಎಲ್ಲಾ ಇದೆ. ಬರೋ ಜನ ಮಾತ್ರ ಕಡಿಮೆ. ಬನ್ನಿ.